ಅಳತೆ ಬಚ್ಚಿಟ್ಟು ಕೊಂಡ ಡಬರಿ

ಕೊಳ್ಳಲು ಹೋದವನು ತನಗೆ ಬೇಕಾದ ವಸ್ತುವಿನ ಕಡೆ ನೋಡಲೇಬಾರದು. ಇದು ನಾನು ಇಳಕಲ್ಲಿನಿಂದ ಸೀರೆಯ ಗಂಟು ಹೊತ್ತು ಹುನಗುಂದದ ಸಂತೆಗೆ ನಡೆಯುತ್ತಿದ್ದ ಕಾಲದಲ್ಲೇ ಕಲಿತದ್ದು. ಹೆಣ್ಣುಮಗಳೊಬ್ಬಳು ಕೆಂಪು ಸೆರಗಿನ ಮೇಲೆ ಎರಡನೆಯ ಸಲ ಕೈಯಾಡಿಸಿದಳೆಂದರೆ ಮುಗಿಯಿತು, ಅಲ್ಲಿಂದ ಮುಂದೆ ನಾನು ದರ ಇಳಿಸುತ್ತಿರಲಿಲ್ಲ. ಹೀಗಾಗಿ ನಾನೇ ಕೊಳ್ಳಲು ಹೋದಾಗ ಎತ್ತು ಬೇಕಿದ್ದರೆ ಎಮ್ಮೆಯ ಹಲ್ಲು ಎಣಿಸುತ್ತೇನೆ. ಈಗ ಸ್ವಂತ ಅಂಗಡಿಯಿದೆ. ಓಣಿಯವರು ಒಂದು ಛತ್ರಿ ಕೊಳ್ಳಬೇಕಾದರೂ ನನ್ನನ್ನು ಕೇಳುತ್ತಾರೆ. ಕೇಳದವರಿಗೂ ನಾನೇ ಹೋಗಿ ಹೇಳುತ್ತೇನೆ.

ಮಗಳು ಶಾಂತಳನ್ನು ನೋಡಲು ಬಾದಾಮಿಯಿಂದ ಬರುವವರಿದ್ದರು. ಗೋಧಿ ಹುಗ್ಗಿ ಮಾಡಬೇಕು, ಆದರೆ ಮನೆಯ ದಪ್ಪ ತಳದ ಡಬರಿ ಸೀಳು ಬಿಟ್ಟು ಸೋರುತ್ತಿತ್ತು. ತೆಳು ಪಾತ್ರೆಯಲ್ಲಿ ಹುಗ್ಗಿ ಸೀದರೆ ಹುಡುಗಿಯ ಕೈಗುಣವೇ ಹಾಗೆ ಎಂದು ಬಾದಾಮಿಯವರು ಮಾತಾಡಿಕೊಳ್ಳುತ್ತಾರೆ. ಹಿಂದಿನ ದಿನ ನಾನು ಬಾಗಲಕೋಟೆಗೆ ಹೊರಟಾಗ ನನ್ನ ಹೆಂಡತಿ ಗಂಗವ್ವ ಒಲೆಯ ಬಾಯಿಯನ್ನು ದಾರದಿಂದ ಅಳೆದು, ಗಂಟು ಹಾಕಿ ಕೊಟ್ಟಳು.

“ಇದಕಿಂತ ತಳಾ ಅಗಲ ಇರಬಾರದು ನೋಡ್ರಿ. ಆರ ಮಂದಿಗೆ ಆದ್ರ ಸಾಕು.”

“ಪಾತ್ರಿ ತರೂದು ನನಗ ಕಲಸ್ತೀ ಏನು?” ಎಂದು ದಾರವನ್ನು ಟೊಪ್ಪಿಗೆಯ ಒಳಮಡಿಕೆಯಲ್ಲಿ ತುರುಕಿಕೊಂಡೆ. ಅಳತೆಯ ದಾರ ಹಿಡಿದು ಅಂಗಡಿ ಹತ್ತಿದರೆ, ಇವನಿಗೆ ಇಂಥದೇ ಬೇಕು ಎಂದು ಅಂಗಡಿಯವನಿಗೆ ಗೊತ್ತಾಗುವುದಿಲ್ಲವೇ?

ಪಾತ್ರೆ ಅಂಗಡಿಯ ಮಲ್ಲೇಶಪ್ಪ “ಎಷ್ಟು ಮಂದಿ ಅಡಗಿಗೆ ಬೇಕ್ರಿ?” ಎಂದ.

“ಬೇಕೇ ಅಂತೇನಿಲ್ಲ. ಸಣ್ಣದಾದ್ರೂ ಆತು, ದೊಡ್ಡದಾದ್ರೂ ಆತು. ಹಿಂಗ ನೋಡಾಕ ಬಂದೇನಿ.”

ಅವನ ಕಣ್ಣು ಮೂಲೆಗೆ ಹೋಯಿತು. ಅಲ್ಲೊಂದು ಹಂಡೆಯಷ್ಟು ದೊಡ್ಡ ಹಿತ್ತಾಳೆ ಡಬರಿ ಮುಚ್ಚಳ ಹೊತ್ತು, ಯಾರೂ ಕೇಳುವವರಿಲ್ಲದೆ ಕುಳಿತಿತ್ತು. ಎರಡು ಸಲ ಮೆಟ್ಟಿಲಿಳಿದು ಹೋದಂತೆ ಮಾಡಿದೆ, ಎರಡು ಸಲವೂ ಅವನು ಕರೆದ. ಕಡೆಗೆ ನಡುಗಾತ್ರದ ಡಬರಿಯ ದರದಲ್ಲೇ ಅದು ನನ್ನದಾಯಿತು. ಆದರೂ ಮನಸ್ಸು ತುಂಬಲಿಲ್ಲ. “ನನ್ನ ಹೆಸರು ಪುಗಸಟ್ಟೆ ಕೊರದು ಕೊಡಬೇಕು” ಎಂದು ಪಟ್ಟು ಹಿಡಿದೆ. ಅವನು ಸಂತೋಷದಿಂದಲೇ ಕೊರೆಯಿಸಿದ. ಅಷ್ಟೊಂದು ಸಂತೋಷ ಏಕೆ ಎಂದು ಆಗ ನಾನು ಯೋಚಿಸಲಿಲ್ಲ. ಹೆಸರು ಕೊರೆದ ಪಾತ್ರೆಯನ್ನು ಯಾವ ಅಂಗಡಿಯವನೂ ತಿರುಗಿ ತೆಗೆದುಕೊಳ್ಳುವುದಿಲ್ಲ.

ಬಸ್ಸಿನ ತಲೆಯ ಮೇಲಿಂದ ಡಬರಿ ಇಳಿದಾಗ ಓಣಿಯ ನಾಯಿಗಳು ಬೊಗಳಿದವು. ಗಂಗವ್ವ ಅದರ ಸುತ್ತ ಒಂದು ಪ್ರದಕ್ಷಿಣೆ ಹಾಕಿ, “ಇದರಾಗ ಏನ್ ಕುದಸೂದ್ರಿ, ಬೀಗರನ್ನೋ?” ಎಂದಳು.

“ಬೀಗರು ಇನ್ನೂ ಆಗಿಲ್ಲ” ಎಂದೆ.

“ಇದನ್ನ ನೋಡಿದ ಮ್ಯಾಲೆ ಆಗೂದೂ ಇಲ್ಲ.”

ಬೆಳಿಗ್ಗೆ ಡಬರಿಯನ್ನು ಒಲೆಯ ಮೇಲೆ ಇಟ್ಟದ್ದೇ ತಡ, ಅದು ಒಲೆಯ ಬಾಯಿಯನ್ನು ಪೂರ್ತಿ ಮುಚ್ಚಿ ಕುಳಿತುಬಿಟ್ಟಿತು. ಉರಿ ಸತ್ತು ಹೊಗೆ ಎದ್ದಿತು. ಅಂಗಳದಲ್ಲಿ ಮೂರು ಕಲ್ಲು ಹೂಡಿದೆವು. ಉರಿಯೇನೋ ಹತ್ತಿತು, ಆದರೆ ಆರು ಜನರ ಗೋಧಿ ಅದರ ತಳದಲ್ಲಿ ತೆಳ್ಳಗೆ ಹರಡಿ, ಬೇಯುವ ಮೊದಲೇ ಸೀದು ಹೋಯಿತು. ಶಾಂತಾ ಕಣ್ಣೊರೆಸಿಕೊಂಡಳು; ಹೊಗೆಗೋ ಅಳುವಿಗೋ ಕೇಳುವ ಧೈರ್ಯ ನನಗಾಗಲಿಲ್ಲ. ಗಂಗವ್ವ ನನ್ನ ಕಡೆ ನೋಡದೆ ಪಕ್ಕದ ಮನೆಗೆ ಓಡಿದಳು.

ಪಕ್ಕದ ಮನೆ ಗೋವಿಂದ ಮಾಸ್ತರರದು. ಅವರು ಅಂಗಡಿಯವನು ಹೇಳಿದ ದರ ಕೊಟ್ಟು ನಮಸ್ಕಾರವನ್ನೂ ಮಾಡಿ ಬರುವ ಪೈಕಿ. ಅಂಥವರ ಡಬರಿ ನಮ್ಮ ಒಲೆಯ ಮೇಲೆ ಅಲ್ಲಿಯೇ ಹುಟ್ಟಿದ ಹಾಗೆ ಕುಳಿತುಕೊಂಡಿತು. ಮತ್ತೆ ಗೋಧಿ ಬಿತ್ತು, ಬೆಲ್ಲ ಬಿತ್ತು. ಬಾದಾಮಿಯವರು ಬಂದು ಕಾಲು ತೊಳೆಯುವ ಹೊತ್ತಿಗೆ ತುಪ್ಪದ ಪರಿಮಳ ಪಡಸಾಲೆಗೆ ಬಂದಿತ್ತು.

ಹುಡುಗನ ತಂದೆ ಸಂಗಪ್ಪನವರು ಎರಡು ಸಲ ಹುಗ್ಗಿ ಬಡಿಸಿಕೊಂಡರು. ಶಾಂತಾ ಎಲ್ಲರಿಗೂ ಒಪ್ಪಿಗೆಯಾದಳು. ನಾನು ಉಸಿರು ಬಿಟ್ಟೆ. ಆಗ ಸಂಗಪ್ಪನವರು ಕೈ ತೊಳೆಯಲು ಅಂಗಳಕ್ಕೆ ಹೋದರು. ಮೂರು ಕಲ್ಲಿನ ಮೇಲೆ ನನ್ನ ಹೆಸರು ಹೊತ್ತು ಅದು ಅಲ್ಲೇ ಕುಳಿತಿತ್ತು.

“ಅಬಬಬಾ! ಇದು ನಿಮ್ಮದಾ?”

ಹೆಸರು ಕೊರೆಯಿಸಿದ ಮೇಲೆ ಇಲ್ಲ ಎನ್ನುವುದು ಹೇಗೆ? “ಹೌದ್ರಿ” ಎಂದೆ.

“ಛಲೋ ಆತು ಬಿಡ್ರಿ! ಲಗ್ನಕ್ಕ ನಮ್ಮ ಕಡಿ ಮಂದೀನ ಕಡಿಮಿ ಕರಕೊಂಡ ಬರೂಣು, ಹೆಣ್ಣಿನವರಿಗೆ ಭಾರ ಆಗಬಾರದು ಅಂತ ಮಾಡಿದ್ದೆ. ಈ ಡಬರಿ ನೋಡಿ ಧೈರ್ಯ ಬಂತು. ಊರಿಗೂರ ಬರ್ತೇವಿ!”

ಜೀವಮಾನದಲ್ಲಿ ಮೊದಲ ಸಲ ನನಗೆ ಚೌಕಾಸಿಗೆ ಬಾಯಿ ಏಳಲಿಲ್ಲ. ಟೊಪ್ಪಿಗೆ ತೆಗೆದು ಬಗ್ಗಿ ಕೈಮುಗಿದೆ. ಅದರೊಳಗಿನ ದಾರ ಜಾರಿ, ಗಂಟು ಸಮೇತ, ಬೀಗರ ಪಾದದ ಮೇಲೆ ಬಿತ್ತು. ಬಾಗಿಲಲ್ಲಿ ನಿಂತಿದ್ದ ಗಂಗವ್ವ ಅದನ್ನು ನೋಡಿದಳು. ಬಂದು ಅದನ್ನು ಹೆಕ್ಕಿ ತನ್ನ ಸೆರಗಿನ ತುದಿಗೆ ಕಟ್ಟಿಕೊಂಡಳು.

ಲಗ್ನವೇನೋ ಸಾಂಗವಾಯಿತು, ಡಬರಿ ತುಂಬಿ ತುಂಬಿ ಬೆಂದಿತು. ಅಂದಿನಿಂದ ನಾನು ಪೇಟೆಗೆ ಹೊರಟರೆ ಗಂಗವ್ವ ಕೈಗೆ ಚೀಲ ಕೊಡುವ ಮೊದಲು ತಲೆಯ ಮೇಲಿನ ಟೊಪ್ಪಿಗೆ ಇಸಿದುಕೊಳ್ಳುತ್ತಾಳೆ. ಹಾಗೆಂದು ನಷ್ಟವೇನಿಲ್ಲ. ಬಿಸಿಲಲ್ಲಿ ಬೋಳು ತಲೆ ಹೊತ್ತು ನಿಂತ ಗಿರಾಕಿಯನ್ನು ಕಂಡರೆ ಅಂಗಡಿಯವರು ಬೇಗ ದರ ಇಳಿಸುತ್ತಾರೆ. ಬೇಕಿದ್ದರೆ ನೀವೂ ಮಾಡಿ ನೋಡಿ.