ಸಾಹೇಬರನ್ನು ಒಳಗಿಟ್ಟು ಕೀಲಿ ಹಾಕಿದ ಮೇಲೆ

“ಇನ್ನ ಮ್ಯಾಲರ ಕೀಲಿ ಹಾಕೂ ಮುಂದ ಒಳಗ ಯಾರರ ಅದಾರೇನು ಅಂತ ಕೂಗಿ ನೋಡ್ರಿ.”

ನನ್ನ ಹೆಂಡತಿ ನನಗೆ ಹೇಳಿದ ಕಡೇ ಮಾತು ಇದು. ಗದಗಿನ ದವಾಖಾನೆಯಲ್ಲಿ ಕೇಸಿನ ಸುದ್ದಿ ಹೇಳುತ್ತ ಆಕೆಯ ಮಂಚದ ಬಾಜೂ ಕುಂತಿದ್ದೆ. ಹೇಳಿ ನಕ್ಕಳು. ನಗುವಂಥದ್ದೇ. ಸಿಪಾಯಿ ಕೆಲಸಕ್ಕೆ ಸೇರಿದವನಿಗೆ ಇಂಥವು ಬೇಡವೆಂದರೂ ಬಂದು ಬೀಳುತ್ತವೆ.

ಕೀಲಿ

ನಾನು ಶಿರಹಟ್ಟಿಯ ಒಂದು ಸರಕಾರಿ ಕಚೇರಿಯ ಸಿಪಾಯಿ. ಸಂಜೆ ಮೇನ್ ಸ್ವಿಚ್ ಬಂದ್ ಮಾಡಿ ಬಾಗಿಲಿಗೆ ಕೀಲಿ ಹಾಕುವವನು ನಾನೇ. ಅವತ್ತು ಅಂಗಳದಲ್ಲಿ ಸಾಹೇಬರ ಜೀಪು ಇರಲಿಲ್ಲ. ಹೋಗಿದ್ದಾರೆ ಅಂದುಕೊಂಡೆ. ಕೀಲಿ ಹಾಕಿ ದವಾಖಾನೆಗೆಂದು ಗದಗಿನ ಬಸ್ಸು ಹತ್ತಿದೆ.

ಜೀಪು ಡೀಸೆಲ್ ಹಾಕಿಸಲು ಹೋಗಿತ್ತು. ಸಾಹೇಬರ ಫೋನೂ ಅದರಲ್ಲೇ ಹೋಗಿತ್ತು. ಸಾಹೇಬರು ಹಿಂದಿನ ಕೋಣೆಯಲ್ಲಿ ಹಳೇ ಕಾಗದದ ಗಂಟುಗಳ ಮೇಲೆ ಮಲಗಿದ್ದರು. ಮಧ್ಯಾಹ್ನದ ಎಣ್ಣೆಗಾಯಿ ಜೋರಾಗಿತ್ತು.

ಸಾಹೇಬರು ಒಳಗೇ ಇದ್ದಾರೆ ಅಂತ ಯಾರೋ ಫೋನ್ ಮಾಡಿದರು. ದಾರಿಯಲ್ಲೇ ಇಳಿದು ತಿರುಗಿ ಬಂದೆ. ಕಿಟಕಿ ಮುಂದೆ ಮಂದಿ ಸೇರಿತ್ತು. ಹಸಿದಾರು ಅಂತ ಮಿರ್ಚಿ ಭಜಿ ಅಂಗಡಿಯವನು ಸರಳಿನ ಸಂದಿಯಿಂದ ಭಜಿ ಕೊಟ್ಟಿದ್ದ. ನನ್ನನ್ನು ಕಂಡು ಅಂದ:

“ಜಲ್ದಿ ತೆಗಿಯಣ್ಣಾ. ಸಾಹೇಬ್ರಿಗೆ ಖಾರ ಹತ್ತೇತಿ. ಭಜಿ ಹೋದ್ವು, ನೀರಿನ ತಂಬಿಗಿ ಸಂದ್ಯಾಗ ಹಿಡಿವಲ್ದು.”

ಸ್ಟೂಲು

ಮೇಲಧಿಕಾರಿಯನ್ನು ಕೂಡಿಹಾಕಿದ ಎಂದು ನನ್ನ ಮೇಲೆ ವಿಚಾರಣೆ ಹೂಡಿದರು. ಅದು ಶುರುವಾಗುವ ಮೊದಲೇ ವರ್ಗ ಬಂತು, ಮುಂಡರಗಿ ತಾಲ್ಲೂಕಿನ ಕೊರ್ಲಹಳ್ಳಿಗೆ. ಹೊಳೆದಂಡೆ, ಚಲೋ ಊರು. ಆದರೆ ಅಲ್ಲಿಂದ ದಿನಾ ಸಂಜೆ ಗದಗಿಗೆ ಬಂದು ಹೆಂಡತಿ ಹತ್ತಿರ ಕೂರುವುದು ಆಗದ ಮಾತು.

ತಪ್ಪು ಸಾಬೀತಾಗುವ ಮುಂಚೆ ವರ್ಗ ಮಾಡಿದರೆ ಅದು ಶಿಕ್ಷೆಯೇ, ನಡಿ ಬೆಳಗಾವಿಗೆ, ಸರಕಾರಿ ನೌಕರರ ಕೋರ್ಟಿಗೆ ಅಂದರು ನನ್ನ ವಕೀಲರು. ತಡೆಯಾಜ್ಞೆ ಸಿಕ್ಕಿತು.

ತಂದು ನೋಡಿದರೆ ನನ್ನ ಸ್ಟೂಲಿನ ಮೇಲೆ ಕೊರ್ಲಹಳ್ಳಿಯ ಸಿಪಾಯಿ ಕುಂತಿದ್ದ. ನನ್ನ ಜಾಗಕ್ಕೆ ಅವನನ್ನು ಹಾಕಿದ್ದರು. ಏಳು ಅಂದೆ. ಏಳಲಿಲ್ಲ. ಅವನೂ ಹೋಗಿ ಒಂದು ತಡೆಯಾಜ್ಞೆ ತಂದ. ಇಬ್ಬರನ್ನೂ ಕದಲಿಸುವಂತಿಲ್ಲ. ಸ್ಟೂಲು ಒಂದೇ. ಅರ್ಧರ್ಧ ಕುಂತೆವು. ಒಬ್ಬ ಎದ್ದರೆ ಇನ್ನೊಬ್ಬ ಬೀಳುತ್ತಿದ್ದ. ಹಾಗಾಗಿ ಸಾಹೇಬರು ಗಂಟೆ ಬಾರಿಸಿದರೆ ಇಬ್ಬರೂ ಏಳುತ್ತಿದ್ದೆವು, ಇಬ್ಬರೂ ಚಹಾ ತರುತ್ತಿದ್ದೆವು.

ಒಬ್ಬನ ಚಹಾ ಬೇಡವೆಂದರೆ ಕೋರ್ಟಿನ ಮಾತು ಮೀರಿದಂತಾದೀತು ಎಂದು ಸಾಹೇಬರು ದಿನಾ ಎರಡೂ ಕುಡಿದರು.

ಸಾಕ್ಷಿ

ಬೆಳಗಾವಿಯಲ್ಲಿ ಸರಕಾರದ ವಕೀಲರು ಎದ್ದು, ಇವನನ್ನು ಅಲ್ಲೇ ಬಿಟ್ಟರೆ ಸಾಕ್ಷಿಯನ್ನು ಹೆದರಿಸುತ್ತಾನೆ ಅಂದರು. ಸಾಕ್ಷಿ ಯಾರು ಅಂತ ನ್ಯಾಯಾಧೀಶರು ಕೇಳಿದರು. ಸಾಹೇಬರೇ ಅಂದರು.

ನ್ಯಾಯಾಧೀಶರು ಕನ್ನಡಕ ತೆಗೆದು ನನ್ನನ್ನು ನೋಡಿದರು. ನಾನು ಟೋಪಿ ಕೈಯಲ್ಲಿ ಹಿಡಿದು ನಿಂತಿದ್ದೆ.

“ಈ ಮನಷ್ಯಾಗ ಅವರು ಹೆದರ್ತಾರೇನ್ರಿ?”

ಸರಕಾರದ ವಕೀಲರು ಕಡತ ತಿರುವಿ ನೋಡಿದರು.

“ಸಂಜಿ ಮುಂದ ಹೆದರ್ತಾರ್ರಿ.”

ಕೂಗು

ತೀರ್ಪು ಬರುವ ಹೊತ್ತಿಗೆ ಹೆಂಡತಿ ಇರಲಿಲ್ಲ. ಆದರೆ ತಡೆಯಾಜ್ಞೆ ಇದ್ದದ್ದಕ್ಕೆ ಕಡೆತನಕ ದಿನಾ ಸಂಜೆ ಆಕೆಯ ಬಾಜೂ ಕುಂತೆ. ಅದನ್ನು ಇನ್ನು ಯಾರೂ ರದ್ದು ಮಾಡಲಾರರು.

ನನ್ನ ವರ್ಗ ರದ್ದಾಯಿತು. ವಿಚಾರಣೆಯೂ ಬಿದ್ದುಹೋಯಿತು. ಆ ಕತ್ತಲ ಕೋಣೆಯಲ್ಲಿ ಏನು ಮಾಡುತ್ತಿದ್ದಿರಿ ಎಂಬ ಪ್ರಶ್ನೆಗೆ ಸಾಹೇಬರು ಬಾಯಿ ಬಿಡಲಿಲ್ಲ. ಕೊರ್ಲಹಳ್ಳಿಯವನನ್ನು ಲಕ್ಷ್ಮೇಶ್ವರಕ್ಕೆ ಹಾಕಿದರು. ಅವನ ಬೀಗರ ಊರು, ಕುಣಿಯುತ್ತ ಹೋದ. ಸ್ಟೂಲು ಪೂರ್ತಿ ನನ್ನದಾಯಿತು.

ಮರುದಿನ ಬೆಳಿಗ್ಗೆ ಕಚೇರಿಗೆ ಹೊರಟೆ. ಮನೆಯ ಬಾಗಿಲು ಎಳೆದು ಕೀಲಿ ತೆಗೆದುಕೊಂಡೆ. ಆಕೆಯ ಮಾತು ನೆನಪಾಯಿತು. ಮತ್ತೆ ಬಾಗಿಲು ತೆರೆದೆ.

“ಒಳಗ ಯಾರರ ಅದೀರೇನು?”

ಎದುರುಮನೆ ಮುದುಕಿ ಕಸ ಹೊಡೆಯುವುದನ್ನು ನಿಲ್ಲಿಸಿದಳು.

“ಯಾರನ್ನ ಕರಿಯಾಕತ್ತಿಯೋ ತಮ್ಮಾ? ಇರಾಂವ ನೀ ಒಬ್ಬಾಂವ.”

ಕಾದೆ. ಇನ್ನೊಮ್ಮೆ ಕೂಗಿದೆ.

ಅಡುಗೆಮನೆಯಿಂದ ಬೆಕ್ಕು ಬಂತು. ಆಕೆ ಹಾಲು ಹಾಕುತ್ತಿದ್ದ ಬೆಕ್ಕು. ಹೊಸ್ತಿಲ ಮೇಲೆ ಮೈ ಮುರಿಯಿತು, ಸಾಹೇಬರಂತೆಯೇ ನನ್ನನ್ನು ಮೇಲಿಂದ ಕೆಳಗೆ ನೋಡಿತು, ಹೊರಗೆ ಹೋಯಿತು. ದೂರು ಬರೆಯುವಂತೆ ಕಾಣಲಿಲ್ಲ.

ಕೀಲಿ ಹಾಕಿದೆ.