ಅತ್ತೆ ಒಪ್ಪದ ಕಲ್ಲು

ನಮ್ಮ ಸೋದರಮಾವನ ಮನೆಯಲ್ಲಿ ಇರುವವರು ಮೂವರು: ಮಾವ, ಅತ್ತೆ ಮತ್ತು ಒಂದು ಕಲ್ಲು. ಮೂವರಲ್ಲಿ ಹಟ ಕಡಿಮೆ ಯಾರಿಗೆ ಎಂದು ಕೇಳಿದರೆ ನಾನು ತಡಮಾಡದೆ ಕಲ್ಲಿನ ಕಡೆ ಕೈ ತೋರಿಸುತ್ತೇನೆ.

ಮಾವ ವಿಜಯಪುರದ ಕಡೆಯಿಂದ ಪುಣೆಗೆ ಗೌಂಡಿ ಕೆಲಸಕ್ಕೆ ಬಂದವರು. ನಲವತ್ತು ವರ್ಷ ಇಟ್ಟಿಗೆ, ಕಲ್ಲು, ಗೋಡೆಗಳನ್ನು ಬೆರಳಿನಿಂದ ಬಡಿದು, ದನಿಯ ಮೇಲೆ ಗಟ್ಟಿಯೋ ಪೊಳ್ಳೋ ಹೇಳುತ್ತಿದ್ದರು. ಅವರು ಕೆಲಸ ಬಿಟ್ಟರು, ಬೆರಳು ಬಿಡಲಿಲ್ಲ. ಕಲ್ಲಂಗಡಿ ಬಡಿಯಲಿ, ಎಲ್ಲರೂ ಬಡಿಯುತ್ತಾರೆ. ಸಿಗ್ನಲ್ಲಿನಲ್ಲಿ ಪಕ್ಕಕ್ಕೆ ನಿಂತ ಸ್ಕೂಟರಿನವನ ಹೆಲ್ಮೆಟ್ಟು ಬಡಿಯುವುದು ಯಾವ ಶಾಸ್ತ್ರ? ಅದೂ ತಲೆ ಒಳಗಿರುವಾಗ!

ನನ್ನ ಮದುವೆಯ ಮಾತಿಗೆಂದು ವಿಮಾನ ನಗರದ ಒಂದು ಮನೆಗೆ ಹೋಗಿದ್ದೆವು. ಹುಡುಗನ ತಂದೆ ಹೊಸ ಫ್ಲ್ಯಾಟನ್ನು ಕೋಣೆ ಕೋಣೆಯಾಗಿ ತೋರಿಸಿದರು. ಮಾವ ಗೋಡೆ ಗೋಡೆಯಾಗಿ ಬಡಿದರು. ಉಪ್ಪಿಟ್ಟು ಬರುವ ಹೊತ್ತಿಗೆ ತೀರ್ಪೂ ಬಂತು: "ಹುಡುಗ ಛಲೋ ಅದಾನ್ರಿ. ಗೋಡಿ ಪೊಳ್ಳದ." ಸಂಬಂಧ ಕೂಡಲಿಲ್ಲ. ಮುಂದಿನ ಮಳೆಗಾಲದಲ್ಲಿ ಆ ಮನೆಯ ಗೋಡೆಯ ಗಿಲಾವು ಉದುರಿತಂತೆ. ಆ ಶುಭ ಸಮಾಚಾರ ಹೇಳಲು ಮಾವ ಪೇಢೆ ಹಿಡಿದುಕೊಂಡು ನಮ್ಮ ಮನೆಗೆ ಬಂದಿದ್ದರು.

ಇಂಥವರ ಕೈಗೇ ಆ ಕಲ್ಲು ಸಿಗಬೇಕೆ!

ಪುಣೆ ಹತ್ತಿರದ ಶಿರೂರಿನಲ್ಲಿ ಅವರ ಹಳೆಯ ಜೊತೆಗಾರರೊಬ್ಬರು ಬಾವಿ ತೋಡಿಸುತ್ತಿದ್ದರು. ಕರಿಬಂಡೆ ಒಡೆದಾಗ ಒಳಗೆ ಒಂದು ಪೊಟರೆ, ಅದರಲ್ಲಿ ಒಂದೇ ಒಂದು ಹರಳು; ನೋಡಲು ಹೋಗಿದ್ದ ಮಾವನ ಕೈಗೇ ಅದನ್ನು ಕೊಟ್ಟರು. ನಿಂಬೆಹಣ್ಣಿಗಿಂತ ದೊಡ್ಡದು, ಮೋಸಂಬಿಗಿಂತ ಸಣ್ಣದು, ತಿಳಿ ಮಜ್ಜಿಗೆಯ ಬಣ್ಣ. ಮೇ ತಿಂಗಳ ಬಿಸಿಲಲ್ಲಿ ಮಾಳಿಗೆಯ ಮೇಲಿಟ್ಟರೂ ತಣ್ಣಗೇ ಇರುತ್ತದೆ. ನೀರಿಗೆ ಹಾಕಿದರೆ ಮುಳುಗುವುದಿಲ್ಲ. ಉಗುರಿನಿಂದ ತಟ್ಟಿದರೆ ಮೊದಲು ಏನೂ ಆಗುವುದಿಲ್ಲ. ನಾಲ್ಕು ಎಣಿಸಿ, ಇದೇನೂ ಇಲ್ಲ ಎಂದು ನೀವು ಏಳುವಷ್ಟರಲ್ಲಿ ಒಳಗಿಂದ ಒಂದು ಸಣ್ಣ, ಮೆತ್ತನೆಯ ದನಿ ಹೊರಡುತ್ತದೆ. ಒಂದು ಕಪ್ಪು ಚಹಾ ಕುಡಿದು ಮುಗಿಸುವ ತನಕ ಅದು ನಿಲ್ಲುವುದಿಲ್ಲ. ನಾನೇ ಕುಡಿದು ನೋಡಿದ್ದೇನೆ.

ಮಾವ ಮನೆಗೆ ಬಂದವರೇ ಅತ್ತೆಯನ್ನು ಕೂರಿಸಿ, ಕಲ್ಲು ತಟ್ಟಿ, "ಕೇಳು" ಎಂದರು. ಅತ್ತೆ ಕೇಳಿದರು. ಸ್ವಲ್ಪ ಹೊತ್ತಾದ ಮೇಲೆ, "ಏನ್ ಕೇಳಬೇಕ್ರಿ?" ಎಂದರು.

"ಹಾಡ್ಲಿಕತ್ತದಲ್ಲ!"

"ಕಲ್ಲು ಎಲ್ಯಾರ ಹಾಡ್ತದೇನ್ರಿ? ಕೈ ತೊಳಕೊಂಡು ಊಟಕ್ಕ ಬರ್ರಿ."

ಅಂದಿನಿಂದ ಎಂಟು ತಿಂಗಳು ಆ ಮನೆಯಲ್ಲಿ ಬೇರೆ ವಿಷಯವೇ ಇರಲಿಲ್ಲ. ಮಾವ ಸಾಕ್ಷಿಗಳನ್ನು ಕರೆತರಲು ಶುರುಮಾಡಿದರು. ಮೊದಲು ಬಂದವರು ಖಡಕಿಯ ಮಿಲಿಟರಿಯಲ್ಲಿ ನೌಕರಿ ಮಾಡಿ ನಿವೃತ್ತರಾದ ಮಗ್ಗುಲು ಮನೆಯ ಮರಾಠಿ ಕಾಕಾ. ಅವರು ಅಟೆನ್ಷನ್ನಿನಲ್ಲಿ ನಿಂತು ಕೇಳಿ, "ಹೋ, ಐಕೂ ಯೇತಂ!" ಕೇಳಿಸುತ್ತದೆ ಎಂದು ಖಾತ್ರಿ ಕೊಟ್ಟರು. ಕೆಳಗಿನ ಹೋಟೆಲಿನ ಉಡುಪಿ ಕಡೆಯ ಯಜಮಾನರು, "ಕೇಳ್ತದೆ ಅಮ್ಮಾ, ತಂಬೂರಿ ಹಾಗೆ ಉಂಟು" ಎಂದರು.

"ನೀವು ದಿನಾ ಅವರ ಹೋಟೆಲಿಗೆ ಹೋಗ್ತೀರಿ," ಎಂದರು ಅತ್ತೆ ಮಾವನಿಗೆ. "ಗಿರಾಕಿಗೆ ಇಲ್ಲ ಅಂತಾರೇನು?"

ನಾನು ಸಾಕ್ಷಿ ಹೇಳಿದಾಗ, "ನೀ ಸಣ್ಣಾಕಿ ಇದ್ದಾಗಿಂದ ನಿಮ್ಮ ಮಾವನ ಕಡೀನೇ" ಎಂದು ಒಂದೇ ಮಾತಿನಲ್ಲಿ ನನ್ನನ್ನು ತಳ್ಳಿಹಾಕಿದರು.

ಹಾಗೆಂದು ಅತ್ತೆ ಕಲ್ಲನ್ನು ಪೂರ್ತಿ ತಿರಸ್ಕರಿಸಿದರು ಎನ್ನುವಂತಿಲ್ಲ. ಒಂದು ಬೇಸಿಗೆ ಮಧ್ಯಾಹ್ನ ಕಲ್ಲು ಕಾಣೆಯಾಯಿತು. ಮಾವ ಕಪಾಟು ಬಡಿದರು, ಡಬ್ಬಿಗಳನ್ನು ಬಡಿದರು, ಅನುಮಾನದಿಂದ ನನ್ನ ಪರ್ಸನ್ನೂ ಬಡಿದರು. ಕಡೆಗೆ ನೀರು ಕುಡಿಯಲು ಹೋದರೆ, ಕಲ್ಲು ಮಣ್ಣಿನ ಕೊಡದಲ್ಲಿ ಹಾಯಾಗಿ ತೇಲುತ್ತಿತ್ತು.

"ಹಾಡು ನಂಗೊತ್ತಿಲ್ಲ," ಎಂದರು ಅತ್ತೆ. "ನೀರು ಮಾತ್ರ ಭಾಳ ತಣ್ಣಗ ಇಡ್ತದ."

ಜಗತ್ತಿನಲ್ಲಿ ಬೇರೆಲ್ಲೂ ಇಲ್ಲದ ಹರಳು ಮಾವನ ಮನೆಯಲ್ಲಿ ಐಸಿನ ತುಂಡಾಗಿತ್ತು! ಮಾವ ಸಿಟ್ಟಿನಿಂದ ಎಂಟು ದಿನ ಮಾತು ಬಿಟ್ಟರು. ನೀರು ಮಾತ್ರ ಅದೇ ಕೊಡದ್ದನ್ನು ಕುಡಿದರು.

ಒಂಬತ್ತನೆಯ ದಿನ ಮಾವ ಕೊನೆಯ ಅಸ್ತ್ರ ತೆಗೆದರು. ಕಾಲೇಜೊಂದರಲ್ಲಿ ಕಲ್ಲುಗಳ ಬಗ್ಗೆ ಪಾಠ ಮಾಡುವ ಪ್ರಾಧ್ಯಾಪಕಿಯೊಬ್ಬರನ್ನು ಹುಡುಕಿ, ಅತ್ತೆಯನ್ನೂ ನನ್ನನ್ನೂ ಕರೆದುಕೊಂಡು ಹೋದರು. ಅತ್ತೆ ಇಳಕಲ್ ಸೀರೆ ಉಟ್ಟು, ಸೋಲುವುದು ಯಾರೆಂದು ಗೊತ್ತಿರುವವರ ಗಾಂಭೀರ್ಯದಲ್ಲಿ ಬಂದರು.

ಪ್ರಾಧ್ಯಾಪಕಿ ಕಲ್ಲನ್ನು ಮೇಜಿನ ಮೇಲಿಟ್ಟು ಒಂದು ಯಂತ್ರಕ್ಕೆ ಹೊಂದಿಸಿ ತಟ್ಟಿದರು. ನಾಲ್ಕು ಎಣಿಸುವಷ್ಟು ಮೌನ. ಆಮೇಲೆ ಆ ದನಿ ಎದ್ದಿತು. ಪರದೆಯ ಮೇಲೆ ಹಸಿರು ಗೆರೆ ಅಲೆ ಅಲೆಯಾಗಿ ಕುಣಿಯಿತು. ಬಾಗಿಲಲ್ಲಿ ಹೋಗುತ್ತಿದ್ದ ಮೂವರು ವಿದ್ಯಾರ್ಥಿಗಳು ಒಳಗೆ ಇಣುಕಿ, ಇದೇನು ದನಿ ಎಂದು ಕೇಳಿದರು. ಯಾರೂ ಅವರನ್ನು ಕರೆದಿರಲಿಲ್ಲ, ಮಾವ ಅವರ ಗಿರಾಕಿಯೂ ಆಗಿರಲಿಲ್ಲ.

ಅತ್ತೆ ಆ ಹುಡುಗರ ಮುಖ ನೋಡಿದರು. ನನ್ನ ಮುಖ ನೋಡಿದರು. ಹಸಿರು ಗೆರೆ ನೋಡಿದರು. ಆಮೇಲೆ ಸೆರಗನ್ನು ಬೆರಳಿಗೆ ಸುತ್ತಿಕೊಳ್ಳುತ್ತ, ತಮಗೂ ಕೇಳಿಸಿತು ಎನ್ನುವಂತೆ ನಕ್ಕರು. ಅತ್ತೆಗೆ ಸುಳ್ಳು ನಗು ನಗಲು ಬರುವುದಿಲ್ಲ. ನಮಗೆಲ್ಲ ಅದು ಗೊತ್ತು.

ಪ್ರಾಧ್ಯಾಪಕಿಗೆ ಹಿಡಿಸಲಾರದ ಸಂಭ್ರಮ. ಇಂಥದ್ದನ್ನು ತಾನು ಕಂಡೇ ಇಲ್ಲ, ಸರಿಯಾಗಿ ಪರೀಕ್ಷೆಯಾದರೆ ಕಲ್ಲಿಗೆ ಮಾವನ ಹೆಸರನ್ನೇ ಇಡಬಹುದು ಎಂದೆಲ್ಲ ಮರಾಠಿಯಲ್ಲಿ ಹೇಳುತ್ತಿದ್ದರು. ಎಂಟು ತಿಂಗಳು ಮಾವ ಕಾದದ್ದು ಇದೇ ಮಾತಿಗೆ. ಆದರೆ ಅವರು ಪರದೆಯನ್ನೂ ನೋಡುತ್ತಿರಲಿಲ್ಲ, ಆ ಮಾತನ್ನೂ ಕೇಳುತ್ತಿರಲಿಲ್ಲ. ಅತ್ತೆಯನ್ನೇ ನೋಡುತ್ತಿದ್ದರು. ಕಲ್ಲನ್ನು ತೆಗೆದು ಟವೆಲ್ಲಿನಲ್ಲಿ ಸುತ್ತಿ, "ಬರ್ತೀವ್ರಿ ಮೇಡಂ" ಎಂದು ಹೊರಟೇಬಿಟ್ಟರು.

ರಿಕ್ಷಾದಲ್ಲಿ ಅತ್ತೆ ಮಾವನ ಕಡೆ ತಿರುಗಿದರು. "ನಂಗ ಒಬ್ಬಾಕಿಗೇ ಕೇಳಿಸಂಗಿಲ್ಲೇನ್ರಿ?" ಎಂದರು.

ಮಾವ ರಿಕ್ಷಾದವನಿಗೆ ದಾರಿ ಬದಲಿಸಲು ಹೇಳಿದರು.

ಕಿವಿ ಡಾಕ್ಟರರು ಪರೀಕ್ಷೆ ಮಾಡಿದರು. ಕಿವಿಯೊಳಗಿನ ಸಣ್ಣ ಎಲುಬು ಬಿಗಿದುಕೊಂಡಿದೆ, ಮೆಲ್ಲಗಿನ ದನಿಗಳು ಒಳಗೆ ಹೋಗುತ್ತಿಲ್ಲ, ಇದು ನಿಧಾನವಾಗಿ ಬರುವುದರಿಂದ ಅವರಿಗೇ ತಿಳಿದಿರಲಿಕ್ಕಿಲ್ಲ, ಉಪಾಯವಿದೆ ಎಂದರು. ಆಮೇಲೆ ಕಬ್ಬಿಣದ ಒಂದು ಕವಲುಕಡ್ಡಿಯನ್ನು ಮಿಡಿದು, ಅತ್ತೆಯ ಕಿವಿಯ ಹಿಂದಿನ ಎಲುಬಿಗೆ ಒತ್ತಿಟ್ಟರು. ಅತ್ತೆ ಬೆಚ್ಚಿ, "ಗುಂಯ್ ಅಂತದ!" ಎಂದರು. ಎಲುಬಿನ ಮೂಲಕ ದನಿ ಹೋಗುತ್ತದೆ ಎಂದು ಡಾಕ್ಟರರು ವಿವರಿಸತೊಡಗಿದರು.

ಮಾವ ಪೂರ್ತಿ ಕೇಳಲಿಲ್ಲ. ಟವೆಲ್ಲು ಬಿಚ್ಚಿ, "ಡಾಕ್ಟರ್ ಸಾಹೇಬ್ರ, ನಿಮ್ಮ ಕಬ್ಬಿಣ ಅತ್ತಾಗ ಇಡ್ರಿ" ಎಂದರು.

ಡಾಕ್ಟರರು ಕಲ್ಲನ್ನು ನೋಡಿದರು, ಮಾವನನ್ನು ನೋಡಿದರು, ಕಲ್ಲನ್ನು ಸ್ಪಿರಿಟ್ಟಿನಿಂದ ಒರೆಸಿ ಕೊಟ್ಟರು. ವೈದ್ಯಶಾಸ್ತ್ರದ ಕಡೆಯಿಂದ ಅವರಿಗೆ ಮಾಡಲು ಉಳಿದದ್ದು ಅಷ್ಟೇ.

ಮಾವ ಕಲ್ಲನ್ನು ತಟ್ಟಿ ಅತ್ತೆಯ ಕಿವಿಯ ಹಿಂದೆ ಹಿಡಿದರು. ನಾನು ಮನಸ್ಸಿನಲ್ಲೇ ನಾಲ್ಕು ಎಣಿಸಿದೆ.

ಅತ್ತೆಯ ಮುಖ ಮೆಲ್ಲಗೆ ಅರಳಿತು. ಕಣ್ಣು ಮುಚ್ಚಿಕೊಂಡರು.

"ಅಯ್ಯ, ಖರೇನೇ ಹಾಡ್ತದಲ್ರಿ!" ಎಂದರು. ಆಮೇಲೆ ಕಣ್ಣು ತೆರೆದು, ತಪ್ಪು ಮಾಡಿದವರ ಹಾಗೆ ಸಣ್ಣ ದನಿಯಲ್ಲಿ ಕೇಳಿದರು: "ಇಷ್ಟು ದಿನಾನೂ ಹಿಂಗ ಹಾಡ್ತಿತ್ತೇನ್ರಿ ಇದು?"

ಮಾವ ಕಲ್ಲನ್ನು ಅಲ್ಲಿಂದ ತೆಗೆಯಲಿಲ್ಲ. ಅತ್ತೆಗೆ ಕೇಳಿಸಲೆಂದು ಜೋರಾಗಿಯೇ ಹೇಳಿದರು.

"ಇಲ್ಲ ಬಿಡು. ಇವತ್ತ ಸುರು ಮಾಡೇದ."