ಆಧಾರ ಕೊಡಿ, ಪುಣ್ಯ ಕಟ್ಕೊಳ್ಳಿ

ಇನ್ನು ಜನ್ಮದಲ್ಲಿ ವಿಶ್ವಕೋಶದ ಕಾರ್ಯಾಗಾರ ಮಾಡುವುದಿಲ್ಲ ಎಂದು ಪ್ರತಿ ಕಾರ್ಯಾಗಾರ ಮುಗಿದ ಸಂಜೆಯೂ ನಾನು ಶಪಥ ಮಾಡುತ್ತೇನೆ. ಸ್ವಲ್ಪ ದಿನ ಕಳೆದು ಯಾರಾದರೂ ಫೋನ್ ಮಾಡಿ "ಬನ್ನಿ ಮೇಡಂ" ಅಂದರೆ ಬ್ಯಾಗು ಹೆಗಲಿಗೇರಿಸಿ ಹೊರಡುತ್ತೇನೆ, ಮತ್ತೆ ಅದೇ ಕಥೆ ಆಗುತ್ತದೆ.

ನಾನು ಹಾಸನದ ಕಾಲೇಜೊಂದರಲ್ಲಿ ಇತಿಹಾಸ ಪಾಠ ಮಾಡುವವಳು. ಅಂತರ್ಜಾಲದಲ್ಲಿ ಯಾರು ಬೇಕಾದರೂ ಬರೆಯಬಹುದಾದ, ಯಾರು ಬೇಕಾದರೂ ತಿದ್ದಬಹುದಾದ ಕನ್ನಡದ ವಿಶ್ವಕೋಶವಿದೆಯಲ್ಲ, ಅದಕ್ಕೆ ಬರೆಯುವ ಹುಚ್ಚು ನನಗೆ ಹತ್ತಿ ಬಹಳ ವರ್ಷವಾಯಿತು. ಬರೆಯುವುದೇನೋ ಸುಖ. ಬರೆಯುವುದನ್ನು ಇನ್ನೊಬ್ಬರಿಗೆ ಕಲಿಸುವುದಿದೆಯಲ್ಲ, ಅದಕ್ಕೆ ಬಿ.ಪಿ. ಮಾತ್ರೆ ಬೇಕು. ನಾನು ಕಲಿಸುವುದು ಎರಡೇ ನಿಯಮ. ಒಂದು, ಬರೆದ ಮಾತಿಗೆ ಆಧಾರ ಕೊಡಿ, ಅಂದರೆ ಅದು ಯಾವ ಪುಸ್ತಕದಲ್ಲಿ, ಯಾವ ಪತ್ರಿಕೆಯಲ್ಲಿ ಅಚ್ಚಾಗಿದೆ ಹೇಳಿ. ಎರಡು, ಇನ್ನೊಬ್ಬರು ಬರೆದದ್ದನ್ನೋ ತೆಗೆದ ಫೋಟೋವನ್ನೋ ಎತ್ತಿಕೊಂಡು ಬಂದು ಹಾಕಬೇಡಿ, ಅದರ ಹಕ್ಕು ಅವರದು. ಇಷ್ಟೇ. ಇಷ್ಟನ್ನು ಹಾಸನ, ಹೊಳೆನರಸೀಪುರ, ಅರಕಲಗೂಡು, ಚನ್ನರಾಯಪಟ್ಟಣದ ಜನಕ್ಕೆ ತಿಳಿಸಲು ಹೋಗಿ ನನ್ನ ತಲೆಗೂದಲು ಬೆಳ್ಳಗಾಗಿದೆ. ಈ ಮಾತಿಗೆ ಆಧಾರ ಬೇಕಿದ್ದವರು ಬಂದು ನೋಡಬಹುದು.

ಭೀಮನ ಹೆಜ್ಜೆ

ಚನ್ನರಾಯಪಟ್ಟಣದ ಕಾರ್ಯಾಗಾರಕ್ಕೆ ಬಾಗೂರಿನ ಕಡೆಯ ಯಜಮಾನರೊಬ್ಬರು ಬಂದಿದ್ದರು. ತೆಂಗಿನ ತೋಟದವರು. ಇಸ್ತ್ರಿ ಮಾಡಿದ ಬಿಳಿ ಪಂಚೆ, ಕಂಕುಳಲ್ಲಿ ಹೊಸ ಲ್ಯಾಪ್‌ಟಾಪು. ತಮ್ಮ ಊರಿನ ಮೇಲೆ ಒಂದು ಪುಟ ತೆರೆದು ಮೊದಲ ವಾಕ್ಯವನ್ನೇ ಹೀಗೆ ಬರೆದರು: "ವನವಾಸದ ಕಾಲದಲ್ಲಿ ಭೀಮಸೇನನು ಇಲ್ಲಿ ಬಲಗಾಲಿಟ್ಟನು."

"ಯಜಮಾನ್ರೇ, ಇದಕ್ಕೆ ಆಧಾರ?"

"ಬಂಡೆ ಮ್ಯಾಲೆ ಎಜ್ಜೆ ಐತಲ್ಲಮ್ಮ."

"ಅದು ಭೀಮಂದೇ ಅಂತ ಹೇಗೆ ಗೊತ್ತು?"

"ಅಷ್ಟ್ ದೊಡ್ಡ ಕಾಲು ಇನ್ಯಾರ್ದಿದ್ದಾತು? ನಮ್ಮೂರಲ್ಲಿ ಎಲ್ಲಾರ ಕಾಲೂ ನೋಡಿವ್ನಿ ನಾನು."

ನಾನು ತಾಳ್ಮೆಯಿಂದಲೇ ಹೇಳಿದೆ. ನಂಬಿಕೆ ಬೇರೆ, ಆಧಾರ ಬೇರೆ. ಅದು ಬರಹದಲ್ಲಿರಬೇಕು, ಎಲ್ಲರೂ ನೋಡುವ ಹಾಗಿರಬೇಕು.

"ಬರವಣಿಗೇಲಿರ್ಬೇಕು, ಎಲ್ಲಾರ್ಗೂ ಕಾಣ್ಬೇಕು. ಅಷ್ಟೇ ತಾನೆ? ಆಯ್ತು ಬುಡಿ."

ಮುಂದಿನ ಭಾನುವಾರ ಗೆದ್ದವರ ಹಾಗೆ ಬಂದು ಫೋನು ಚಾಚಿದರು. ಊರ ಬಾಗಿಲಲ್ಲಿ ಕಟ್ಟಿದ ಭಾರಿ ಫ್ಲೆಕ್ಸು. ಗದೆ ಹೊತ್ತ ಭೀಮ, "ಶ್ರೀ ಭೀಮಸೇನನ ಪಾದಸ್ಪರ್ಶದಿಂದ ಪುನೀತವಾದ ಗ್ರಾಮಕ್ಕೆ ಸುಸ್ವಾಗತ" ಎಂಬ ಸಾಲು, ಮೂಲೆಯಲ್ಲಿ ಕೈಮುಗಿದು ನಿಂತ ಯಜಮಾನರ ಭಾವಚಿತ್ರ.

"ಇದನ್ನ ಯಾವಾಗ ಹಾಕಿಸಿದ್ರಿ?"

"ನೀವು ಏಳುದ್ರಲ್ಲ, ಅದರ ಮಾರನೇ ದಿನ."

"ಇದು ಆಧಾರ ಆಗಲ್ಲ ಯಜಮಾನ್ರೇ. ನೀವೇ ಬರೆಸಿ ನೀವೇ ಹಾಕಿಸಿದ್ದು."

ಅವರಿಗೆ ಸಿಟ್ಟು ನೆತ್ತಿಗೇರಿತು. "ಅಲ್ಲಾ ಕಣಮ್ಮ, ಇದ್ನೂ ಭೀಮನ ಕೈಲೇ ಕಟ್ಟಿಸ್ಬೇಕಿತ್ತಾ?"

ತೆಂಗಿನಕಾಯಿ ಮೇಲಿನ ಬಾಣ

ಹಾಸನದಲ್ಲಿ ಮೊಬೈಲ್ ಅಂಗಡಿ ಇಟ್ಟಿರುವ ಒಬ್ಬ ಯುವಕ ಬಹಳ ಉತ್ಸಾಹಿ. ಚನ್ನರಾಯಪಟ್ಟಣದ ತೆಂಗಿನಕಾಯಿ ಮಾರುಕಟ್ಟೆಯ ಪುಟಕ್ಕೆ ಒಂದು ಫೋಟೋ ಹಾಕಿದ. ಎಷ್ಟು ಚೆನ್ನಾಗಿತ್ತೆಂದರೆ ನನಗೆ ಆಗಲೇ ಅನುಮಾನ ಬಂತು.

"ಇದು ನಿನ್ನ ಫೋಟೋನಾ?"

"ಹೌದು ಮೇಡಂ, ನನ್ ಫೋನಲ್ಲೇ ಇದೆ."

"ಫೋನಲ್ಲಿರೋದಲ್ಲಪ್ಪ, ತೆಗೆದಿದ್ದು ಯಾರು?"

"ಅದು ಯಾರೋ ಗೊತ್ತಿಲ್ಲ. ನೆಟ್‌ನಲ್ಲಿ ಸಿಕ್ತು."

ನೆಟ್‌ನಲ್ಲಿ ಸಿಕ್ಕಿದ್ದು ದಾರಿಯಲ್ಲಿ ಬಿದ್ದು ಸಿಕ್ಕಿದ್ದಲ್ಲ, ಅದಕ್ಕೂ ಒಡೆಯರಿರುತ್ತಾರೆ, ನೀನೇ ನಿನ್ನ ಕೈಯಾರೆ ತೆಗೆದದ್ದನ್ನು ಹಾಕು ಎಂದು ವಿವರಿಸಿದೆ. ತಲೆಯಾಡಿಸಿದ. ಸ್ವಲ್ಪ ಹೊತ್ತಿಗೆ ಹೊಸ ಫೋಟೋ ಬಂತು. ಅದೇ ಮಾರುಕಟ್ಟೆ, ಅದೇ ಕಾಯಿ ರಾಶಿ, ಆದರೆ ಸ್ವಲ್ಪ ಸೊಟ್ಟ. ರಾಶಿಯ ತುದಿಯಲ್ಲಿ ಒಂದು ಬಿಳಿ ಬಾಣ. ಕೆಳಗೆ, ಬ್ಯಾಟರಿ ಮುಗಿಯುತ್ತಿದೆ, ಚಾರ್ಜಿಗೆ ಹಾಕಿ ಎಂಬ ಸೂಚನೆ. ಕಂಪ್ಯೂಟರಿನ ಪರದೆಯ ಮೇಲೆ ಆ ಫೋಟೋ ತೆರೆದಿಟ್ಟು, ಅದರ ಫೋಟೋ ತೆಗೆದಿದ್ದ.

"ಈಗ ನಾನೇ ತೆಗೆದಿದ್ದಲ್ವಾ ಮೇಡಂ?"

"ಬಸ್ ಹತ್ತಿ ಚನ್ನರಾಯಪಟ್ಟಣಕ್ಕೆ ಹೋಗಪ್ಪ. ಮಾರುಕಟ್ಟೆಗೆ ಹೋಗಿ ನಿಂತ್ಕೊಂಡು ಫೋಟೋ ತೆಗಿ."

ಪುಣ್ಯಾತ್ಮ ಹೋದ. ರಾಶಿ ರಾಶಿ ಫೋಟೋ ತಂದ. ಎಲ್ಲದರಲ್ಲೂ ಇವನೇ. ಕಾಯಿ ರಾಶಿಯ ಮುಂದೆ ಕಪ್ಪು ಕನ್ನಡಕ ಹಾಕಿ ಇವನು, ತಕ್ಕಡಿಯ ಪಕ್ಕ ಸೊಂಟದ ಮೇಲೆ ಕೈಯಿಟ್ಟು ಇವನು, ಲಾರಿಗೆ ಒರಗಿ ಇವನು. ಮಾರುಕಟ್ಟೆ ಇವನ ಭುಜದ ಹಿಂದೆ ಅಲ್ಲಲ್ಲಿ ಇಣುಕುತ್ತಿತ್ತು.

"ಏನಪ್ಪಾ ಇದು?"

"ನೀವೇ ಹೇಳಿದ್ರಲ್ಲ, ಹೋಗಿ ನಿಂತ್ಕೋ ಅಂತ. ನಾನು ಹೋಗಿದ್ದೆ ಅನ್ನೋದಕ್ಕೆ ಪ್ರೂಫ್ ಬೇಡ್ವಾ?"

"ಎಲ್ಲದರಲ್ಲೂ ನೀನೇ ಇದ್ದರೆ ತೆಗೆದಿದ್ದು ಯಾರು?"

"ಫ್ರೆಂಡು."

"ಹಾಗಾದರೆ ಹಕ್ಕು ಫ್ರೆಂಡಿಂದು."

ಅವನ ಮುಖ ಸಪ್ಪಗಾಯಿತು. "ಅಯ್ಯೋ ಮೇಡಂ, ಅವನು ಬೇಡ ಬೇಡ ಅಂದ್ರೂ ಬಸ್ ಚಾರ್ಜು, ದೋಸೆ ಎಲ್ಲಾ ಕೊಡಿಸಿ ಕರ್ಕೊಂಡೋಗಿದ್ದೆ. ಮೂತಿ ನಂದು, ದೋಸೆ ನಂದು, ಹಕ್ಕು ಮಾತ್ರ ಅವಂದಾ?"

ನಿರ್ವಾಹಕ

ಹೊಳೆನರಸೀಪುರದಲ್ಲಿ ನಿವೃತ್ತ ಕನ್ನಡ ಪಂಡಿತರೊಬ್ಬರು ಕಲಿಯಲು ಬಂದಾಗ ನಾನು ನಿಜವಾಗಿಯೂ ಹಿಗ್ಗಿದೆ. ಇಷ್ಟು ದಿನಕ್ಕೆ ಭಾಷೆ ಬಲ್ಲವರೊಬ್ಬರು ಸಿಕ್ಕರು ಎಂದುಕೊಂಡೆ. ಅವರು ತಮ್ಮ ಊರಿನ ಬಗ್ಗೆ ಬರೆದ ಮೊದಲ ಲೇಖನ ಒಂದು ಪತ್ರಿಕೆಯ ಲೇಖನದ ಪಡಿಯಚ್ಚಾಗಿತ್ತು. ಪತ್ರಿಕೆಯ ಅಚ್ಚಿನ ತಪ್ಪುಗಳು ಕೂಡ ಇದ್ದ ಜಾಗದಲ್ಲೇ ಇದ್ದವು.

"ಸಾರ್, ಇದು ನಕಲು."

"ನಕಲೇ? ಏನಮ್ಮಾ ಹೀಗಂತೀಯೆ? ಒಂದೊಂದು ಅಕ್ಷರವನ್ನೂ ನಾನೇ ಕುಟ್ಟಿದ್ದೇನೆ. ಬೆರಳು ನೋಡು, ಹೇಗೆ ಊದಿದೆ."

ಟೈಪ್ ಮಾಡಿದ ಮಾತ್ರಕ್ಕೆ ಬರಹ ನಿಮ್ಮದಾಗುವುದಿಲ್ಲ, ಓದಿ ಅರ್ಥಮಾಡಿಕೊಂಡು ನಿಮ್ಮ ಸ್ವಂತ ಪದಗಳಲ್ಲಿ ಬರೆಯಬೇಕು ಎಂದೆ. 'ಸ್ವಂತ ಪದಗಳು' ಎಂದದ್ದೇ ಅವರ ಕಣ್ಣಲ್ಲಿ ಮಿಂಚು ಬಂತು. ನಾನು ಎಚ್ಚೆತ್ತುಕೊಳ್ಳಬೇಕಿತ್ತು.

ಪತ್ರಿಕೆಯಲ್ಲಿ ಇದ್ದದ್ದು ಹೀಗೆ: "ಹೇಮಾವತಿ ನದಿಯ ದಡದಲ್ಲಿರುವ ಹೊಳೆನರಸೀಪುರವು ಹಾಸನ ಜಿಲ್ಲೆಯ ತಾಲ್ಲೂಕು ಕೇಂದ್ರ. ಇಲ್ಲಿಂದ ಚನ್ನರಾಯಪಟ್ಟಣಕ್ಕೂ ಅರಕಲಗೂಡಿಗೂ ಬಸ್ಸುಗಳಿವೆ."

ಪಂಡಿತರು ತಿದ್ದಿ ತಂದದ್ದು ಹೀಗೆ: "ಸುವರ್ಣವತೀ ತಟಿನಿಯ ತೀರದಲ್ಲಿ ವಿರಾಜಿಸುವ ನದೀನೃಸಿಂಹನಗರಿಯು ಮಂದಹಾಸ ಮಂಡಲದ ಉಪಕೇಂದ್ರ. ಈ ಸ್ಥಾನದಿಂದ ಸುಂದರರಾಜನಗರಕ್ಕೂ ಭಾಸ್ಕರಶಿಲಾನೀಡಕ್ಕೂ ಸಾರ್ವಜನಿಕ ಶಕಟಗಳುಂಟು."

"ಭಾಸ್ಕರಶಿಲಾನೀಡ ಅಂದರೆ ಯಾವುದು ಸಾರ್?"

"ಅರಕಲಗೂಡು. ಅರ್ಕ ಎಂದರೆ ಸೂರ್ಯ, ಕಲ್ಲು ಎಂದರೆ ಶಿಲೆ, ಗೂಡು ಎಂದರೆ ನೀಡ. ಒಂದು ಪದವನ್ನಾದರೂ ಕದ್ದಿದ್ದೇನೆಯೇ, ತೋರಿಸು ನೋಡೋಣ."

"ಊರಿನ ಹೆಸರು ಹಾಗೇ ಇರಬಹುದು ಸಾರ್, ಅದಕ್ಕೆ ಯಾರ ಹಕ್ಕೂ ಇಲ್ಲ. ಬಸ್ ಹತ್ತಿ ಒಂದು ಭಾಸ್ಕರಶಿಲಾನೀಡ ಕೊಡಿ ಅಂದರೆ ಕಂಡಕ್ಟರ್ ಟಿಕೆಟ್ ಕೊಡ್ತಾನಾ?"

ಪಂಡಿತರು ಕನ್ನಡಕ ಸರಿಪಡಿಸಿಕೊಂಡು ನನ್ನನ್ನು ತಿದ್ದಿದರು. "ಕಂಡಕ್ಟರ್ ಅಲ್ಲಮ್ಮಾ, ನಿರ್ವಾಹಕ."

ನಮ್ಮ ಮನೆ ರೇಡಿಯೋ

ಇದು ಚಿಕ್ಕದು. ರುದ್ರಪಟ್ಟಣದ ಸಂಗೀತೋತ್ಸವದಲ್ಲಿ ಪರಿಚಯವಾದ ಒಬ್ಬರು ತಮ್ಮ ಗುರುಗಳ ಬಗ್ಗೆ ಪುಟ ಬರೆದರು. ಗಂಧರ್ವಲೋಕದಿಂದ ಇಳಿದವರು, ನಾದಬ್ರಹ್ಮನ ಖಾಸಾ ತಮ್ಮ, ಅವರು ಹಾಡಿದರೆ ಕಾವೇರಿ ನಿಂತು ಕೇಳುತ್ತಿದ್ದಳು, ಹೀಗೆ. ಆಧಾರ ಕೊಡಿ ಎಂದದ್ದಕ್ಕೆ 'ಬಾನುಲಿಯಲ್ಲಿ ಹಾಡಿದ್ದಾರೆ' ಎಂಬ ಒಂದು ಸಾಲಿಗೆ ಮಾತ್ರ ಅಡಿಟಿಪ್ಪಣಿ ಹಾಕಿದರು: "ಆಧಾರ: ನಮ್ಮ ಮನೆ ರೇಡಿಯೋ. ಈಗ ಕೆಟ್ಟಿದೆ."

ಆಧಾರವಿಲ್ಲದ್ದನ್ನೆಲ್ಲ ನಾನು ತೆಗೆದ ಮೇಲೆ ಗುರುಗಳ ಹೆಸರು, ಹುಟ್ಟಿದ ಊರು, ಹಾಡುತ್ತಿದ್ದರು ಎಂಬುದು ಉಳಿಯಿತು. ಮರುದಿನ ಫೋನು ಬಂತು. ಧ್ವನಿ ಗದ್ಗದ.

"ಮೇಡಂ, ಆಲಾಪನೆ ಕತ್ತರಿಸಿದ್ರಿ, ಕೃತಿ ಕತ್ತರಿಸಿದ್ರಿ, ಮೃದಂಗದ ತನಿ ಆವರ್ತನಾನೂ ಬಿಡಲಿಲ್ಲ. ಬರೀ ಕೊನೇ ಮಂಗಳ ಉಳಿಸಿದೀರಲ್ಲ!"

ಟೆಂಪೋದಲ್ಲಿ ಬಂದ ಆಧಾರ

ಅರಕಲಗೂಡು ತಾಲ್ಲೂಕಿನ ಒಂದು ಸಣ್ಣ ಹಳ್ಳಿಯ ಹುಡುಗಿ ನಮ್ಮ ಕಾಲೇಜಿನಲ್ಲಿ ಬಿ.ಎ. ಓದುತ್ತಿದ್ದಳು. ಚುರುಕು. ತನ್ನ ಊರಿನ ಬಗ್ಗೆ ಪುಟ ಬರೆದಳು. ಕೆರೆ, ಕೆರೆಯ ಏರಿ, ಮಾರಮ್ಮನ ಗುಡಿ, ಹೊಗೆಸೊಪ್ಪಿನ ಹೊಲ, ಎಲ್ಲವೂ ಚಂದವಾಗಿ ಬಂದಿತ್ತು. ಆಧಾರ ಮಾತ್ರ ಒಂದೂ ಇರಲಿಲ್ಲ. ಹೇಳಿದೆ, ನೆನಪಿಸಿದೆ. "ಹುಡುಕ್ತಿದೀನಿ ಮೇಡಂ, ನಮ್ಮೂರ ಬಗ್ಗೆ ಯಾರೂ ಏನೂ ಬರ್ದೇ ಇಲ್ಲ" ಅಂದಳು. ನಿಯಮ ನಿಯಮವೇ. ಪುಟದ ನೆತ್ತಿಯ ಮೇಲೆ, ದಪ್ಪಕ್ಷರದ ಊರ ಹೆಸರಿನ ಕೆಳಗೆ, ಕೆಂಪು ಚೌಕದಲ್ಲಿ ಸೂಚನೆ ಹಾಕಿದೆ: "ಆಧಾರ ಬೇಕು. ಒಂದು ವಾರದೊಳಗೆ ಒದಗಿಸದಿದ್ದರೆ ಅಳಿಸಲಾಗುವುದು."

ಅದನ್ನು ಯಾರೋ ಫೋಟೋ ತೆಗೆದು ಊರಿನವರ ಮೊಬೈಲ್ ಗ್ರೂಪಿಗೆ ಹಾಕಿದ್ದಾರೆ. ನನಗೆ ಗೊತ್ತಿಲ್ಲ.

ಸೋಮವಾರ ಬೆಳಿಗ್ಗೆ ಮೊದಲ ತರಗತಿಯಲ್ಲಿದ್ದೆ. ಜವಾನ ಬಾಗಿಲಲ್ಲಿ ನಿಂತು, "ಮೇಡಂ, ನಿಮ್ಮನ್ನ ಕೇಳ್ಕೊಂಡು ಒಂದು ಟೆಂಪೋ ಜನ ಬಂದವ್ರೆ" ಅಂದ.

ಹೋಗಿ ನೋಡಿದರೆ ಪ್ರಿನ್ಸಿಪಾಲರ ಕೋಣೆಯ ಮುಂದೆ ಅರ್ಧ ಊರೇ ನಿಂತಿತ್ತು. ಮುಂದೆ ಪಂಚಾಯ್ತಿ ಸದಸ್ಯರು. ಕೈಯಲ್ಲಿ ಪ್ಲಾಸ್ಟಿಕ್ ಕವರು, ಕವರಿನ ತುಂಬಾ ಜೆರಾಕ್ಸು.

"ತಕಳಿ ಮೇಡಂ. ಊರ್ನೋರೆಲ್ಲಾರ್ದೂ ಐತೆ. ಆಧಾರು."

ಕವರಿನಿಂದ ಒಂದು ಹಾಳೆ ಎಳೆದು ನೋಡಿದೆ. ನೋಡಿ ಗೋಡೆ ಹಿಡಿದುಕೊಂಡೆ.

"ಇದಲ್ಲ ಯಜಮಾನ್ರೇ. ನಾನು ಕೇಳಿದ್ದು ಆಧಾರ್ ಕಾರ್ಡ್ ಅಲ್ಲ, ಆಧಾರ."

"ಅದೇ ಕಣಮ್ಮ, ಆಧಾರ."

"ಊರಿದೆ ಅನ್ನೋದಕ್ಕೆ ಆಧಾರ."

"ಊರಿಲ್ದೆ ನಾವೇನು ಮರದ ಮೇಲಿದೀವಾ? ಅಡ್ರೆಸ್ಸು ಓದ್ಕಳಿ, ಎಲ್ಲಾದ್ರಲ್ಲೂ ನಮ್ಮೂರ ಎಸ್ರೇ ಐತೆ."

"ಊರಿಲ್ಲ ಅಂತ ನಾನು ಹೇಳಿಲ್ಲ."

"ಅಂಗಾದ್ರೆ ಅಳುಸ್ತೀವಿ ಅಂತ ಯಾಕಾಕಿದ್ರಿ?"

"ಅಳಿಸೋದು ಪುಟ. ಊರಲ್ಲ."

"ಪುಟದಾಗೆ ಬರ್ದಿರದು ಊರ್ನ ತಾನೆ?"

"ಹೌದು."

"ಮತ್ತೆ!"

ಗುಂಪಿನ ನಡುವಿನಿಂದ ಒಬ್ಬ ಅಜ್ಜಿ ದಾರಿ ಮಾಡಿಕೊಂಡು ಬಂದರು. ಸೆರಗಿನ ತುದಿಯ ಗಂಟು ಬಿಚ್ಚಿ ಕಾರ್ಡು ತೆಗೆದು ನನ್ನ ಕೈಗಿಟ್ಟರು. "ಪೋಟೋ ಸರಿಯಾಗ್ ಬಂದಿಲ್ಲ ಕಣವ್ವಾ, ಆದ್ರೂ ಅದು ನಾನೇಯ. ಈ ವಯಸ್ನಲ್ಲಿ ಅಳುಸ್ಬುಟ್ರೆ ನಾನೆಲ್ಲಿಗೋಗ್ಲಿ?"

ಅಜ್ಜಿಯನ್ನು ಬೆಂಚಿನ ಮೇಲೆ ಕೂರಿಸಿ ನೀರು ಕೊಟ್ಟೆ. ಪ್ರಿನ್ಸಿಪಾಲರು ನೆರವಿಗೆ ಬರುತ್ತಾರೆ ಎಂದು ಅವರ ಕಡೆ ನೋಡಿದೆ. ಅವರು ನನ್ನನ್ನು ಪಕ್ಕಕ್ಕೆ ಕರೆದು ಮೆಲ್ಲಗೆ ಹೇಳಿದರು: "ಹೋಗ್ಲಿ ಬಿಡಿ ಮೇಡಂ, ಅಳಿಸ್ಬೇಡಿ. ಪಾಪ, ಇಷ್ಟು ಜನಕ್ಕೆ ಬೇರೆ ಊರು ಎಲ್ಲಿ ಹುಡುಕೋದು?"

ಕೊನೆಗೆ ಹುಡುಗಿಯೇ ಬಂದು ಅವರ ಭಾಷೆಯಲ್ಲಿ ಏನೇನೋ ಹೇಳಿ ಸಮಾಧಾನ ಮಾಡಿದಳು. ಎಲ್ಲರಿಗೂ ಕ್ಯಾಂಟೀನಿನಲ್ಲಿ ಕಾಫಿ ಕುಡಿಸಿದೆ. ಕಾರ್ಡುಗಳ ಜೆರಾಕ್ಸನ್ನು ಒಂದೂ ಬಿಡದೆ ವಾಪಸು ಕೊಟ್ಟೆ. ಸದಸ್ಯರು ಟೆಂಪೋ ಹತ್ತುವ ಮುನ್ನ, "ನೋಡ್ಕಳಿ ಮತ್ತೆ" ಎಂದು ಎಚ್ಚರಿಕೆ ಕೊಟ್ಟು ಹೋದರು. ಅಲ್ಲಿಗೆ ಮುಗಿಯಿತು ಎಂದುಕೊಂಡೆ. ಆ ಗುಂಪಿನಲ್ಲಿ ಸ್ಥಳೀಯ ಪತ್ರಿಕೆಯ ವರದಿಗಾರರೊಬ್ಬರು ಇದ್ದದ್ದು ನನಗೆ ತಿಳಿದದ್ದು ಮಾರನೆಯ ದಿನ. "ಗ್ರಾಮ ಅಳಿಸುವ ಹುನ್ನಾರ: ಗ್ರಾಮಸ್ಥರ ಆಕ್ರೋಶ" ಎಂಬ ತಲೆಬರಹ, ಕೆಳಗೆ ಅಜ್ಜಿ ಕಾರ್ಡು ಹಿಡಿದು ನಿಂತ ಫೋಟೋ. ಕೆರೆ, ಗುಡಿ, ಹೊಗೆಸೊಪ್ಪು ಎಲ್ಲದರ ವಿವರವೂ ವರದಿಯಲ್ಲಿತ್ತು.

ಮಧ್ಯಾಹ್ನ ಹುಡುಗಿ ಪತ್ರಿಕೆ ಹಿಡಿದು ಓಡಿ ಬಂದಳು. ಬೇಜಾರಾಗಿರಬೇಕು, ಕ್ಷಮೆ ಕೇಳಲು ಬಂದಳು ಎಂದುಕೊಂಡೆ. ಅವಳ ಮುಖದಲ್ಲಿ ಸೂರ್ಯ ಹುಟ್ಟಿದ್ದ.

"ಮೇಡಂ, ಆಧಾರ ಸಿಕ್ತು! ಅಚ್ಚಾಗಿದೆ. ಬರ್ದೋರು ನಮ್ಮೂರೋರಲ್ಲ, ನಂಗೂ ಅವರಿಗೂ ಸಂಬಂಧ ಇಲ್ಲ. ನಕಲು ಮಾಡಿಲ್ಲ, ನನ್ನ ಸ್ವಂತ ಮಾತಲ್ಲೇ ಬರ್ದಿದೀನಿ. ಫೋಟೋನೂ ಎತ್ಕೊಂಡಿಲ್ಲ. ನೋಡಿ."

ನೋಡಿದೆ. ಪ್ರತಿ ಸಾಲಿಗೂ ಅಡಿಟಿಪ್ಪಣಿ. ಪತ್ರಿಕೆ, ದಿನಾಂಕ, ಪುಟ ಎಲ್ಲವೂ ಕರಾರುವಾಕ್ಕು. ಇಷ್ಟು ವರ್ಷದಲ್ಲಿ ನನ್ನ ಯಾವ ಶಿಷ್ಯರೂ ಇಷ್ಟು ಅಚ್ಚುಕಟ್ಟಾಗಿ ಆಧಾರ ಕೊಟ್ಟಿರಲಿಲ್ಲ. 'ಇತಿಹಾಸ' ಎಂಬ ಶೀರ್ಷಿಕೆಯ ಕೆಳಗೆ ಒಂದೇ ವಾಕ್ಯವಿತ್ತು: "ಈ ಗ್ರಾಮವನ್ನು ಅಳಿಸಲು ಹಾಸನದ ಇತಿಹಾಸ ಉಪನ್ಯಾಸಕಿಯೊಬ್ಬರು ನಡೆಸಿದ ಪಯತ್ನವು ಗ್ರಾಮಸ್ಥರ ಒಗ್ಗಟ್ಟಿನಿಂದ ವಿಫಲವಾಯಿತು."

ಕೆಂಪು ಚೌಕ ತೆಗೆದೆ. ಆ ವಾಕ್ಯವನ್ನೂ ತೆಗೆಯೋಣವೆಂದು ನಿಯಮಗಳನ್ನೆಲ್ಲ ತಿರುವಿ ಹಾಕಿದೆ. ತನ್ನ ಬಗ್ಗೆ ಬರೆದದ್ದನ್ನು ತಾನೇ ಅಳಿಸುವಂತಿಲ್ಲ, ಅಲ್ಲಗಳೆಯುವುದಿದ್ದರೆ ಅಚ್ಚಾದ ಆಧಾರ ತರಬೇಕು ಎಂದಿದೆ. ಆಧಾರ ಕೊಡಿ ಎಂದು ಊರೂರು ತಿರುಗಿ ಕಲಿಸಿದವಳೂ ನಾನೇ. 'ಪ್ರಯತ್ನ'ದಲ್ಲಿ ಒಂದು ಒತ್ತಕ್ಷರ ಬಿಟ್ಟುಹೋಗಿತ್ತು. ಅದನ್ನು ಮಾತ್ರ ತಿದ್ದಿ ಎದ್ದು ಬಂದೆ.